ಡಿಕ್ರಿಯಿಂದ ದುಡ್ಡಿನವರೆಗೆ: ಕಾಸರಗೋಡಿನಲ್ಲಿ ಸಾಲ ಕೊಟ್ಟವರು ಅಮಲ್ಜಾರಿ ನಡೆಸುವ ಬಗೆ

ಸಾಲ ವಸೂಲಿಯ ದಾವೆಯಲ್ಲಿ ಗೆದ್ದವರಲ್ಲಿ ಬಹಳ ಮಂದಿ, ಇನ್ನು ಹಣ ತೆಗೆಸಿಕೊಡುವುದು ಕೋರ್ಟಿನ ಕೆಲಸ ಎಂದು ನಂಬಿ ಮನೆಗೆ ಹೋಗುತ್ತಾರೆ. ಕೋರ್ಟು ತಾನಾಗಿ ಒಂದು ಹೆಜ್ಜೆಯನ್ನೂ ಇಡುವುದಿಲ್ಲ. ಡಿಕ್ರಿ ಎಂಬುದು ಇಂಥವರು ಇಂಥವರಿಗೆ ಇಷ್ಟು ಹಣ ಕೊಡಬೇಕೆಂಬ ನಿರ್ಣಯ ಮಾತ್ರ. ಕೊಡಲು ಮನಸ್ಸಿಲ್ಲದವನ ಕೈಯಿಂದ ಅದನ್ನು ತೆಗೆಸಬೇಕಾದರೆ ಡಿಕ್ರಿದಾರನೇ ಅಮಲ್ಜಾರಿಗೆ, ಎಂದರೆ ಡಿಕ್ರಿಯನ್ನು ಕಾರ್ಯಗತ ಮಾಡಿಸಲು, ಮತ್ತೊಂದು ಅರ್ಜಿ ಹಾಕಬೇಕು, ಸಾಲಗಾರನ ಯಾವ ಸೊತ್ತಿನ ಮೇಲೆ ಕೈ ಇಡಬೇಕೆಂಬುದನ್ನು ತಾನೇ ಹುಡುಕಿ ಹೇಳಬೇಕು, ಅದಕ್ಕೆ ತಗಲುವ ಖರ್ಚನ್ನೂ ಮುಂಗಡವಾಗಿ ಕಟ್ಟಬೇಕು. ಈ ದೇಶದಲ್ಲಿ ಕಕ್ಷಿದಾರನ ಕಷ್ಟ ಆರಂಭವಾಗುವುದೇ ಡಿಕ್ರಿ ಕೈಗೆ ಬಂದ ಮೇಲೆ ಎಂಬ ಅರ್ಥದ ಮಾತನ್ನು ಬ್ರಿಟಿಷರ ಕಾಲದ ಅತ್ಯುನ್ನತ ಅಪೀಲು ಕೋರ್ಟಾಗಿದ್ದ ಪ್ರಿವಿ ಕೌನ್ಸಿಲ್ 1872ರಲ್ಲಿಯೇ ಆಡಿತ್ತು.

ಈ ಬರಹವು ಕಾಸರಗೋಡು, ಮಂಜೇಶ್ವರ, ಹೊಸದುರ್ಗ ಭಾಗದ ಕನ್ನಡಿಗರನ್ನು ಮನಸ್ಸಿನಲ್ಲಿಟ್ಟುಕೊಂಡಿದೆ. ಕೈಸಾಲ, ಪ್ರೊನೋಟು, ಅಡಿಕೆ ವ್ಯಾಪಾರದ ಬಾಕಿ, ಜಾಗದ ಮುಂಗಡದ ವಾಪಸಾತಿ ಇಂಥವುಗಳಲ್ಲಿ ಖಾಸಗಿ ವ್ಯಕ್ತಿ ಪಡೆದ ಡಿಕ್ರಿಯನ್ನು ನಡೆಸುವ ಕ್ರಮ ಇಲ್ಲಿ ಇದೆ. ಕೇರಳ ಸರಕಾರದ ಹಣಕಾಸು ಸಂಸ್ಥೆಯಾದ ಕೆ.ಎಸ್.ಎಫ್.ಇ.ಯ ಚಿಟ್ಟಿಯಂತಹ ಸರಕಾರಿ ಬಾಕಿಗೆ 1968ರ ಕೇರಳ ರೆವೆನ್ಯೂ ರಿಕವರಿ ಕಾಯಿದೆಯ ಪ್ರಕಾರ ತಹಶೀಲ್ದಾರರ ಮೂಲಕ ನಡೆಯುವ, ಊರಿನಲ್ಲಿ ಆರ್.ಆರ್. ಎಂದೇ ಕರೆಯಲ್ಪಡುವ ವಸೂಲಿಯ ದಾರಿ ಖಾಸಗಿಯವರಿಗೆ ಇಲ್ಲ. ಪೊಲೀಸ್ ಠಾಣೆಯ ದಾರಿಯೂ ಇಲ್ಲ. ನಾಲ್ಕು ಜನರನ್ನು ಕರೆದುಕೊಂಡು ಹೋಗಿ ಹೆದರಿಸುವ ದಾರಿಯನ್ನು ಹಿಡಿದರೆ ಹಣ ಬರುವುದು ಹಾಗಿರಲಿ, ಡಿಕ್ರಿದಾರನೇ ಕ್ರಿಮಿನಲ್ ಕೇಸಿನ ಆರೋಪಿಯಾಗಿ ರಾಜಿಗೆ ಕೈಮುಗಿಯಬೇಕಾದೀತು.

ತೀರ್ಪಿಗೆ ಮೊದಲೇ ಮಾಡಬೇಕಾದದ್ದು

ದಾವೆ ಇನ್ನೂ ನಡೆಯುತ್ತಿದ್ದರೆ ಈ ಭಾಗವನ್ನು ಓದಿ. ಡಿಕ್ರಿ ಆಗಿದ್ದರೆ ಮುಂದಕ್ಕೆ ಹೋಗಬಹುದು. ಸಾಲಗಾರನು ತನ್ನ ತೋಟವನ್ನು ಹೆಂಡತಿಯ ಹೆಸರಿಗೆ ದಾನಪತ್ರ ಮಾಡಲು ಹೊರಟಿದ್ದಾನೆ, ಅಥವಾ ಇದ್ದುದನ್ನೆಲ್ಲ ಮಾರಿ ಗಲ್ಫಿಗೆ ಹೋಗುವ ತಯಾರಿಯಲ್ಲಿದ್ದಾನೆ ಎಂಬುದಕ್ಕೆ ಆಧಾರವಿದ್ದರೆ, ಸಿವಿಲ್ ಪ್ರಕ್ರಿಯಾ ಸಂಹಿತೆಯ 38ನೇ ಆದೇಶದ 5ನೇ ನಿಯಮದ ಪ್ರಕಾರ ತೀರ್ಪಿಗೆ ಮುಂಚಿತವಾದ ಜಪ್ತಿಯನ್ನು ಕೇಳಬಹುದು. ಬರೀ ಸಂಶಯ ಸಾಲದು. ಡಿಕ್ರಿಯನ್ನು ತಪ್ಪಿಸುವ ಅಥವಾ ತಡೆಯುವ ಉದ್ದೇಶದಿಂದಲೇ ಆತ ಸೊತ್ತನ್ನು ಸಾಗಿಸುತ್ತಿದ್ದಾನೆಂದು ಅಫಿಡವಿಟ್ಟಿನಲ್ಲಿ ಸಂಗತಿಗಳ ಸಮೇತ ತೋರಿಸಬೇಕು. ಹೀಗೆ ಆದ ಜಪ್ತಿಗೆ ಡಿಕ್ರಿಯ ಬಳಿಕ ಮತ್ತೊಮ್ಮೆ ಜಪ್ತಿ ಬೇಕಾಗುವುದಿಲ್ಲ, ನೇರವಾಗಿ ಹರಾಜಿನ ಹಂತಕ್ಕೆ ಹೋಗಬಹುದು. ನನ್ನ ಅಭಿಪ್ರಾಯದಲ್ಲಿ ಇಡೀ ವಸೂಲಿಯ ಕೆಲಸದಲ್ಲಿ ಅತ್ಯಂತ ಬೆಲೆಬಾಳುವ ಅರ್ಜಿ ಇದೇ. ಆದರೆ ದಾವೆ ಹಾಕುವ ಗಡಿಬಿಡಿಯಲ್ಲಿ ಅದರ ಕಡೆ ಗಮನ ಕೊಡುವವರು ಕಡಿಮೆ.

ಎಷ್ಟು ಸಮಯವಿದೆ, ಎಲ್ಲಿ ಹಾಕಬೇಕು

ಹಣದ ಡಿಕ್ರಿಯನ್ನು ಅಮಲಿಗೆ ತರಲು 1963ರ ಕಾಲಮಿತಿ ಕಾಯಿದೆಯ 136ನೇ ವಿಧಿಯು 12 ವರ್ಷಗಳನ್ನು ಕೊಡುತ್ತದೆ. ಡಿಕ್ರಿ ಜಾರಿಗೆ ಅರ್ಹವಾದ ದಿನದಿಂದ ಈ ಲೆಕ್ಕ. ಕಂತುಗಳಲ್ಲಿ ಕೊಡಬೇಕೆಂಬ ಡಿಕ್ರಿಯಾದರೆ ಕಂತು ತಪ್ಪಿದ ದಿನದಿಂದ. 12 ವರ್ಷ ಎಂದ ಕೂಡಲೇ ನಿಧಾನವಾಗಿ ನೋಡಿಕೊಂಡರಾಯಿತು ಎಂದುಕೊಳ್ಳುವವರು ಒಂದು ವಿಷಯವನ್ನು ಮರೆಯಬಾರದು: ಡಿಕ್ರಿಯಾಗಿ ಎರಡು ವರ್ಷ ಕಳೆದ ಬಳಿಕ ಅರ್ಜಿ ಹಾಕಿದರೆ, ಅದೇ ಸಂಹಿತೆಯ 21ನೇ ಆದೇಶದ 22ನೇ ನಿಯಮದಂತೆ ಮೊದಲು ಸಾಲಗಾರನಿಗೆ ನೋಟೀಸು ಹೋಗಬೇಕು. ಎರಡು ವರ್ಷದೊಳಗೆ ಹಾಕಿದರೆ ಜಪ್ತಿಗೆ ಆ ನೋಟೀಸಿನ ಅಗತ್ಯ ಸಾಮಾನ್ಯವಾಗಿ ಇರುವುದಿಲ್ಲ. ನೋಟೀಸು ಹೊರಟಿತೆಂದರೆ ಸಾಲಗಾರನಿಗೆ ಎಚ್ಚರಿಕೆಯ ಗಂಟೆ ಬಾರಿಸಿದಂತೆ; ಅದು ಜಾರಿಯಾಗಿ ಬರುವುದರೊಳಗೆ ಬ್ಯಾಂಕಿನ ಖಾತೆ ಖಾಲಿಯಾಗಿರುತ್ತದೆ.

ಎದುರು ಕಕ್ಷಿ ಅಪೀಲು ಹಾಕಿದ್ದಾನೆ ಎಂಬ ಕಾರಣಕ್ಕೆ ಸುಮ್ಮನೆ ಕೂರಬೇಕಾಗಿಲ್ಲ. ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿ ತಡೆಹಿಡಿಯಲ್ಪಡುವುದಿಲ್ಲ. ಅಪೀಲು ಕೋರ್ಟಿನಿಂದ ಪ್ರತ್ಯೇಕ ತಡೆಯಾಜ್ಞೆ ಬಂದರೆ ಮಾತ್ರ ನಿಲ್ಲುತ್ತದೆ.

ಅರ್ಜಿ ಹಾಕಬೇಕಾದದ್ದು ಡಿಕ್ರಿ ಕೊಟ್ಟ ಕೋರ್ಟಿಗೆ, ಎಂದರೆ ದಾವೆ ಎಲ್ಲಿ ನಡೆಯಿತೋ ಆ ಕಾಸರಗೋಡಿನ ಅಥವಾ ಹೊಸದುರ್ಗದ ಮುನ್ಸಿಫ್ ಕೋರ್ಟಿಗೆ ಇಲ್ಲವೇ ಸಬ್ ಕೋರ್ಟಿಗೆ. ಕೋರ್ಟಿನ ವರಾಂಡದಲ್ಲಿ ಎಲ್ಲರೂ ಇ.ಪಿ. ಎನ್ನುವ ಈ ಎಕ್ಸಿಕ್ಯೂಶನ್ ಪಿಟಿಶನ್ನಿಗೆ ನಿಗದಿಯಾದ ಕೋಷ್ಟಕದ ರೂಪವಿದೆ. ದಾವೆಯ ನಂಬ್ರ, ಕಕ್ಷಿದಾರರ ಹೆಸರು, ಡಿಕ್ರಿಯ ತಾರೀಕು, ಅಪೀಲು ಇದೆಯೇ, ಡಿಕ್ರಿಯ ಬಳಿಕ ಎಷ್ಟು ಸಂದಾಯವಾಗಿದೆ, ಹಿಂದೆ ಇ.ಪಿ. ಹಾಕಿದ್ದುಂಟೇ, ಬಡ್ಡಿ ಮತ್ತು ಖರ್ಚು ಸೇರಿ ಇಂದಿಗೆ ಬಾಕಿ ಎಷ್ಟು, ಯಾರ ವಿರುದ್ಧ, ಕೊನೆಯದಾಗಿ ಯಾವ ಬಗೆಯಲ್ಲಿ ಕೋರ್ಟಿನ ಸಹಾಯ ಬೇಕು, ಇವಿಷ್ಟು ಅದರಲ್ಲಿ ಇರಬೇಕು. ಡಿಕ್ರಿಯ ನಂತರದ ಬಡ್ಡಿಯು ಸಂಹಿತೆಯ 34ನೇ ಕಲಮಿನ ಪ್ರಕಾರ ಸಾಮಾನ್ಯವಾಗಿ ಅಸಲಿನ ಮೇಲೆ ವರ್ಷಕ್ಕೆ ಶೇಕಡಾ 6ರ ಒಳಗೆ ಇರುತ್ತದೆ, ವ್ಯಾಪಾರದ ವ್ಯವಹಾರವಾಗಿದ್ದರೆ ಮಾತ್ರ ಹೆಚ್ಚಾಗಬಹುದು. ಪ್ರೊನೋಟಿನಲ್ಲಿ ಶೇಕಡಾ 18 ಎಂದಿತ್ತೆಂದು ಅದೇ ದರವನ್ನು ಇ.ಪಿ.ಯಲ್ಲಿ ಮುಂದುವರಿಸಿದರೆ ಮೊದಲ ವಾಯಿದೆಯಲ್ಲೇ ಆಕ್ಷೇಪ ಬರುತ್ತದೆ. ಡಿಕ್ರಿಯಲ್ಲಿ ಇರುವ ದರವನ್ನೇ ಬರೆಯಬೇಕು.

ಅರ್ಜಿಯ ಕೊನೆಯ ಅಂಕಣ, ಎಂದರೆ ಯಾವ ಬಗೆಯ ಸಹಾಯ ಎಂಬುದೇ ಅದರ ಜೀವಾಳ. ಅಲ್ಲಿ ಬರೆಯಲು ನಿಮ್ಮ ಕೈಯಲ್ಲಿ ಏನಾದರೂ ಇರಬೇಕಾದರೆ ಇ.ಪಿ. ಹಾಕುವ ಮೊದಲೇ ಹುಡುಕಾಟ ಮುಗಿದಿರಬೇಕು.

ಸೊತ್ತನ್ನು ಹುಡುಕುವುದು

ಮೊದಲು ಜಾಗದ ವಿಷಯ. ಸಾಲಗಾರನ ಜಾಗ ಯಾವ ಗ್ರಾಮದಲ್ಲಿದೆಯೋ ಆ ವ್ಯಾಪ್ತಿಯ ಸಬ್ ರಿಜಿಸ್ಟ್ರಾರ್ ಕಚೇರಿಯಿಂದ, ಜಾಗದ ಮೇಲಿನ ಅಡವು ಮತ್ತು ವರ್ಗಾವಣೆಗಳನ್ನು ತೋರಿಸುವ ಬಾಧ್ಯತಾ ಪ್ರಮಾಣಪತ್ರ ತೆಗೆಸಬೇಕು. ಅವನ ಆಧಾರದ, ಎಂದರೆ ಜಾಗದ ದಸ್ತಾವೇಜಿನ, ನಂಬ್ರ ಗೊತ್ತಿಲ್ಲದಿದ್ದರೂ ಸರ್ವೆ ನಂಬ್ರ ಗೊತ್ತಿದ್ದರೆ ಸಾಕಾಗುತ್ತದೆ. ಪ್ರಮಾಣಪತ್ರದಲ್ಲಿ ಬ್ಯಾಂಕಿನ ಅಡವು ಕಂಡರೆ ಎದೆಗುಂದಬೇಕಾಗಿಲ್ಲ. ಅಡವಿನ ಹಣ ಕಳೆದು ಉಳಿಯುವ ಬೆಲೆ ನಿಮ್ಮ ಬಾಕಿಗೆ ಸಾಕಾಗುತ್ತದೆಯೇ ಎಂದು ಲೆಕ್ಕ ಹಾಕಬೇಕು, ಅಷ್ಟೆ. ದಾವೆಯ ಸಮನ್ಸು ಬಂದ ಆಸುಪಾಸಿನ ತಾರೀಕಿನಲ್ಲಿ ಮಗನಿಗೋ ಹೆಂಡತಿಗೋ ದಾನಪತ್ರವಾದದ್ದು ಕಂಡರೆ ಅದನ್ನು ಗುರುತಿಸಿಟ್ಟುಕೊಳ್ಳಿ. ಸಾಲ ಕೊಟ್ಟವರನ್ನು ವಂಚಿಸುವ ಉದ್ದೇಶದಿಂದ ಮಾಡಿದ ವರ್ಗಾವಣೆಯನ್ನು ಸೊತ್ತು ವರ್ಗಾವಣೆ ಕಾಯಿದೆಯ 53ನೇ ಕಲಮಿನಂತೆ ಪ್ರಶ್ನಿಸಬಹುದು. ಅದು ಸುಲಭದ ಕೆಲಸವಲ್ಲವಾದರೂ ತಾರೀಕುಗಳೇ ಅಲ್ಲಿ ದೊಡ್ಡ ಸಾಕ್ಷಿ.

ಬಳಿಕ ವಿಲ್ಲೇಜ್ ಆಫೀಸು. ತೀರ್ವೆ (ಭೂಕಂದಾಯ) ಯಾರ ಹೆಸರಿನಲ್ಲಿ ಕಟ್ಟಲಾಗುತ್ತಿದೆ, ತಂಡಪ್ಪೇರು (ಜಾಗದ ಖಾತೆ) ನಂಬ್ರ ಯಾವುದು, ರೀಸರ್ವೆ ಆಗಿದ್ದರೆ ಹಳೆಯ ಮತ್ತು ಹೊಸ ನಂಬ್ರಗಳು ಯಾವುವು ಎಂಬುದನ್ನು ಅಲ್ಲಿ ಖಾತರಿ ಮಾಡಿಕೊಳ್ಳಬೇಕು. ನಮ್ಮ ಕಡೆಯ ಒಂದು ತೊಡಕು ಇಲ್ಲಿ ಎದುರಾಗುತ್ತದೆ. 1956ಕ್ಕೆ ಮೊದಲಿನ ದಕ್ಷಿಣ ಕನ್ನಡದ ಕಾಲದ ಆಧಾರ ಕನ್ನಡದಲ್ಲಿ, ಈಗಿನ ದಾಖಲೆ ಮಲಯಾಳದಲ್ಲಿ, ಡಿಕ್ರಿ ಇಂಗ್ಲಿಷಿನಲ್ಲಿ ಇರುವಾಗ ಒಂದೇ ಹೆಸರು ಮೂರು ಬಗೆಯಾಗಿ ಬರೆಯಲ್ಪಟ್ಟಿರುತ್ತದೆ. ಒಂದರಲ್ಲಿ ಮನೆತನದ ಹೆಸರಿದ್ದರೆ ಇನ್ನೊಂದರಲ್ಲಿ ತಂದೆಯ ಹೆಸರು ಮಾತ್ರ ಇರುತ್ತದೆ. ಇವೆಲ್ಲ ಒಬ್ಬನೇ ಎಂಬುದನ್ನು ಅಫಿಡವಿಟ್ಟಿನಲ್ಲಿ ಮೊದಲೇ ಹೇಳಿಬಿಡದಿದ್ದರೆ ಆಮೀನರು (ಕೋರ್ಟಿನ ಆಜ್ಞೆ ಜಾರಿಮಾಡುವ ನೌಕರರು) ಜಾಗಕ್ಕೆ ಹೋದ ದಿನ ಹೆಸರಿನ ತಕರಾರು ಏಳುತ್ತದೆ. ಅಂದಹಾಗೆ 1969ರ ಕೇರಳ ಅಧಿಕೃತ ಭಾಷಾ ಕಾಯಿದೆಯಂತೆ ಇಲ್ಲಿನ ಕನ್ನಡಿಗರು ರಾಜ್ಯ ಸರಕಾರದ ಸ್ಥಳೀಯ ಕಚೇರಿಗಳಿಗೆ ಕನ್ನಡದಲ್ಲೇ ಬರೆಯಬಹುದು, ಉತ್ತರವೂ ಕನ್ನಡದಲ್ಲಿ ಬರಬೇಕು. ಮಲಯಾಳ ಬರೆಯಲು ಬಾರದೆಂದು ವಿಲ್ಲೇಜ್ ಆಫೀಸಿನ ಅರ್ಜಿಯನ್ನು ದಲ್ಲಾಳಿಯ ಕೈಗೆ ಕೊಡುವ ಅಗತ್ಯವಿಲ್ಲ.

ಕುಮ್ಕಿ ಜಾಗದ ಬಗ್ಗೆ ಪ್ರತ್ಯೇಕವಾಗಿ ಹೇಳಬೇಕು. ವರ್ಗ ಜಾಗದ (ಸ್ವಂತ ಪಟ್ಟಾ ಜಾಗದ) ಮಗ್ಗುಲಲ್ಲಿರುವ ಕುಮ್ಕಿಯಲ್ಲಿ ಸೊಪ್ಪು, ಸೌದೆ ತೆಗೆಯುವ ಹಕ್ಕು ವರ್ಗದಾರನಿಗೆ ಇದ್ದರೂ ಭೂಮಿ ಸರಕಾರದ್ದು. ಸಾಲಗಾರ ಅದನ್ನು ತನ್ನ ತೋಟವೆಂದೇ ಹೇಳಿಕೊಂಡು ತಿರುಗುತ್ತಿದ್ದರೂ ಜಪ್ತಿಯ ಶೆಡ್ಯೂಲಿನಲ್ಲಿ (ಸೊತ್ತಿನ ಪಟ್ಟಿಯಲ್ಲಿ) ಅದನ್ನು ಸೇರಿಸಬಾರದು. ಸೇರಿಸಿದರೆ ಇಡೀ ಹರಾಜಿಗೆ ತಕರಾರು ಬರುತ್ತದೆ.

ಸಾಲಗಾರನ ಹೆಸರಿನಲ್ಲಿ ಪ್ರತ್ಯೇಕ ಜಾಗವಿಲ್ಲದೆ ಕುಟುಂಬದ ಜಾಗದಲ್ಲಿ ಪಾಲು ಮಾತ್ರ ಇರುವುದು ಸಾಮಾನ್ಯ. ಅಳಿಯಸಂತಾನದ ಕುಟುಂಬಗಳೂ ಸೇರಿ ಹಿಂದೂ ಅವಿಭಕ್ತ ಕುಟುಂಬ ಪದ್ಧತಿಯನ್ನು ರದ್ದುಮಾಡಿದ 1975ರ ಕೇರಳ ಕಾಯಿದೆ 1976ರ ದಶಂಬರ 1ರಂದು ಜಾರಿಗೆ ಬಂದ ಮೇಲೆ ಅಂಥ ಜಾಗದಲ್ಲಿ ಒಬ್ಬೊಬ್ಬರಿಗೂ ಅವರದೇ ಪಾಲು ಇದೆ. ಪಾಲಾಗದಿದ್ದರೂ ಆ ಹಕ್ಕನ್ನು ಜಪ್ತಿ ಮಾಡಿಸಿ ಹರಾಜು ಹಾಕಿಸಬಹುದು. ಹರಾಜಿನಲ್ಲಿ ಕೊಂಡವನು ಆಮೇಲೆ ಪಾಲಿನ ದಾವೆ ಹಾಕಬೇಕಾಗುವುದರಿಂದ ಒಳ್ಳೆಯ ಬೆಲೆ ಬರುವುದಿಲ್ಲ ಎಂಬುದು ನಿಜ. ಆದರೂ ಅಣ್ಣತಮ್ಮಂದಿರಿಗೆ ಹೊರಗಿನವನು ಪಾಲುದಾರನಾಗಿ ಬರುವುದು ಇಷ್ಟವಿಲ್ಲದ ಕಾರಣ, ಜಪ್ತಿಯ ನಂತರ ಮನೆಯವರೇ ಕೂಡಿ ಬಾಕಿ ತೀರಿಸುವುದುಂಟು.

ಜಾಗವನ್ನು ಬಿಟ್ಟರೆ ಬ್ಯಾಂಕು ಮತ್ತು ಸಹಕಾರಿ ಸಂಘದ ಠೇವಣಿ, ವಾಹನ, ಸಂಬಳ, ಮತ್ತು ಸಾಲಗಾರನಿಗೆ ಬೇರೆಯವರು ಕೊಡಬೇಕಾದ ಹಣ ಇವು ಹುಡುಕಬೇಕಾದವು. ನಿಮ್ಮ ಹಳೆಯ ವ್ಯವಹಾರದ ಕಾಗದಗಳನ್ನು ತೆಗೆದು ನೋಡಿ. ಅವನು ಕೊಟ್ಟ ಚೆಕ್ಕಿನ ಪ್ರತಿಯಲ್ಲಿ ಬ್ಯಾಂಕಿನ ಶಾಖೆ, ಖಾತೆಯ ನಂಬ್ರ ಎರಡೂ ಇರುತ್ತವೆ.

ಹುಡುಕಿ ಸೋತರೆ ಕೊನೆಯ ಉಪಾಯವೊಂದಿದೆ. 21ನೇ ಆದೇಶದ 41ನೇ ನಿಯಮದಂತೆ ಸಾಲಗಾರನನ್ನೇ ಕೋರ್ಟಿಗೆ ಕರೆಸಿ, ಅವನಿಗೆ ಯಾರಿಂದ ಏನು ಬರಬೇಕಾಗಿದೆ, ಯಾವ ಸೊತ್ತು ಇದೆ ಎಂದು ಪ್ರಮಾಣದ ಮೇಲೆ ವಿಚಾರಿಸಬಹುದು. ಹಣದ ಡಿಕ್ರಿ 30 ದಿನ ತೀರದೆ ಉಳಿದಿದ್ದರೆ ಆಸ್ತಿಯ ವಿವರಗಳ ಅಫಿಡವಿಟ್ಟು ಕೊಡುವಂತೆ ಆಜ್ಞೆ ಕೇಳಬಹುದು. ಆ ಆಜ್ಞೆಯನ್ನು ಮೀರಿದವನನ್ನು 3 ತಿಂಗಳವರೆಗೆ ಸಿವಿಲ್ ಜೈಲಿನಲ್ಲಿಡುವ ಅಧಿಕಾರ ಕೋರ್ಟಿಗೆ ಇದೆ. ರಾಹುಲ್ ಎಸ್. ಶಾ ಪ್ರಕರಣದಲ್ಲಿ 2021ರಲ್ಲಿ ಸುಪ್ರೀಂ ಕೋರ್ಟು ಇಂಥ ಆಸ್ತಿ ವಿವರವನ್ನು ಬೇಗನೆ ತರಿಸಿಕೊಳ್ಳುವಂತೆಯೂ, ಅಮಲ್ಜಾರಿ ಅರ್ಜಿಗಳನ್ನು 6 ತಿಂಗಳೊಳಗೆ ಮುಗಿಸುವಂತೆಯೂ ನಿರ್ದೇಶಿಸಿದೆ. ವಾಯಿದೆಯ ಮೇಲೆ ವಾಯಿದೆ ಬೀಳುವಾಗ ನಿಮ್ಮ ವಕೀಲರು ಆ ತೀರ್ಪನ್ನು ನೆನಪಿಸಿದರೆ ತಪ್ಪೇನೂ ಇಲ್ಲ.

ಯಾವುದರ ಮೇಲೆ ಕೈ ಇಡಬೇಕು

ಸಾಲಗಾರ ಸಂಬಳದ ನೌಕರನಾಗಿದ್ದರೆ ಬೇರೆ ಯೋಚನೆ ಬೇಡ, ಸಂಬಳವನ್ನೇ ಹಿಡಿಯಬೇಕು. ಸಂಹಿತೆಯ 60ನೇ ಕಲಮಿನಂತೆ ಸಂಬಳದಲ್ಲಿ ಮೊದಲ 1,000 ರೂಪಾಯಿ ಮತ್ತು ಉಳಿದದ್ದರ ಮೂರನೇ ಎರಡು ಭಾಗವನ್ನು ಮುಟ್ಟುವಂತಿಲ್ಲ. ವಿನಾಯಿತಿ ಇರುವ ಭತ್ಯೆಗಳನ್ನು ಕಳೆದು ಲೆಕ್ಕಕ್ಕೆ ಬರುವ ಸಂಬಳ 40,000 ರೂಪಾಯಿ ಎಂದಿಟ್ಟುಕೊಂಡರೆ, 39,000ದ ಮೂರನೇ ಒಂದು, ಎಂದರೆ ತಿಂಗಳಿಗೆ 13,000 ರೂಪಾಯಿ ಸಿಗುತ್ತದೆ. ಒಂದೇ ಡಿಕ್ರಿಗೆ ಹೀಗೆ ಒಟ್ಟು 24 ತಿಂಗಳು ಹಿಡಿಯಬಹುದು. ಆಮೇಲೆ ಆ ಡಿಕ್ರಿಯ ಮಟ್ಟಿಗೆ ಅವನ ಸಂಬಳ ಪೂರ್ತಿ ಮುಕ್ತ. ಆದ್ದರಿಂದ ಬಾಕಿ 5 ಲಕ್ಷವಿದ್ದರೆ ಈ ಲೆಕ್ಕದಲ್ಲಿ 3,12,000 ರೂಪಾಯಿ ಬರುತ್ತದೆ, ಉಳಿದದ್ದಕ್ಕೆ ಬೇರೆ ಸೊತ್ತನ್ನು ನೋಡಿಟ್ಟುಕೊಂಡಿರಬೇಕು. ಪ್ರಾವಿಡೆಂಟ್ ಫಂಡು, ಸರಕಾರಿ ಪಿಂಚಣಿ, ಜೀವವಿಮೆಯ ಹಣ, ಕೂಲಿಯವರ ಕೂಲಿ ಇವುಗಳಿಗೆ ಜಪ್ತಿ ಇಲ್ಲ.

ಬ್ಯಾಂಕಿನ ಖಾತೆ, ವ್ಯಾಪಾರಿಯಿಂದ ಬರಬೇಕಾದ ಬಾಕಿ ಮುಂತಾದವಕ್ಕೆ 21ನೇ ಆದೇಶದ 46ನೇ ನಿಯಮದ ನಿಷೇಧಾಜ್ಞೆ ಮತ್ತು ಅದರ ಬೆನ್ನಿಗೆ 46ಎ ನಿಯಮದ ಗಾರ್ನಿಶೀ ನೋಟೀಸು ಇವೆ. ಅಡಿಕೆಯ ಸೀಮೆಯಲ್ಲಿ ಇದಕ್ಕೆ ಹೆಚ್ಚಿನ ಬೆಲೆ ಇದೆ. ಸಾಲಗಾರನು ಚಾಲಿ ಅಡಿಕೆಯನ್ನು ಮಂಡಿಗೆ ಅಥವಾ ಸಹಕಾರಿ ಸಂಘಕ್ಕೆ ಹಾಕಿ ಹಣವನ್ನು ಅಲ್ಲೇ ಬಿಟ್ಟಿದ್ದರೆ, ಆ ಹಣವನ್ನು ಅವನಿಗೆ ಕೊಡದೆ ಕೋರ್ಟಿಗೆ ಕಟ್ಟುವಂತೆ ಮಂಡಿಯವರಿಗೇ ಆಜ್ಞೆ ತರಬಹುದು. ಆಜ್ಞೆ ತಲುಪಿದ ದಿನ ಖಾತೆಯಲ್ಲಿ ಎಷ್ಟಿತ್ತು ಎಂಬುದೇ ಮುಖ್ಯವಾದ್ದರಿಂದ, ಅಡಿಕೆ ಹಾಕಿದ ಸುದ್ದಿ ತಿಳಿದ ವಾರದಲ್ಲೇ ಅರ್ಜಿ ಹೋಗಬೇಕು.

ಮರದ ಮೇಲಿರುವ ಫಸಲಿಗೂ ಜಪ್ತಿ ಉಂಟು. ಬೆಳೆದು ನಿಂತ ಫಸಲು ಸಂಹಿತೆಯ ಪ್ರಕಾರ ಚರಸೊತ್ತು. ಆದರೆ 45ನೇ ನಿಯಮವು ಆ ಫಸಲು ಕೊಯ್ಲಿಗೆ ಬರುವ ಕಾಲವನ್ನು ಅರ್ಜಿಯಲ್ಲಿ ಹೇಳಬೇಕೆನ್ನುತ್ತದೆ, ಮತ್ತು ಕಾವಲಿನ ಏರ್ಪಾಡನ್ನು ಕೋರ್ಟು ಮಾಡುತ್ತದೆ. ಕಾವಲಿನ ಖರ್ಚು ಮೊದಲಿಗೆ ಡಿಕ್ರಿದಾರನ ತಲೆಯ ಮೇಲೆಯೇ ಬೀಳುವುದರಿಂದ ಸಣ್ಣ ಬಾಕಿಗೆ ಈ ದಾರಿ ಹಿಡಿಯುವುದು ಲಾಭದ ಮಾತಲ್ಲ.

ಮನೆಯೊಳಗಿನ ಸಾಮಾನುಗಳ ಜಪ್ತಿಯನ್ನು ಕೇಳುವವರು ಬಹಳ, ಅದರಿಂದ ಹಣ ಕಂಡವರು ವಿರಳ. ಉಡುವ ಬಟ್ಟೆ, ಅಡುಗೆಯ ಪಾತ್ರೆ, ಹಾಸಿಗೆ, ಧರ್ಮದ ಕಟ್ಟಳೆಯಂತೆ ಹೆಂಗಸರು ಮೈಮೇಲಿಂದ ತೆಗೆಯಬಾರದ ಆಭರಣ, ಕಸುಬಿನ ಹತ್ಯಾರು, ಕೃಷಿಯ ಸಲಕರಣೆ, ಬೇಸಾಯಕ್ಕೆ ಬೇಕಾದ ದನ ಮತ್ತು ಬಿತ್ತನೆಯ ಬೀಜ ಇವೆಲ್ಲ ಜಪ್ತಿಗೆ ಹೊರತು. ಸೂರ್ಯಾಸ್ತದ ಬಳಿಕ, ಸೂರ್ಯೋದಯಕ್ಕೆ ಮೊದಲು ವಾಸದ ಮನೆಗೆ ಆಮೀನರು ಕಾಲಿಡುವಂತಿಲ್ಲ. ವಾಹನ ಅಥವಾ ಅಂಗಡಿಯ ದಾಸ್ತಾನು ಇದ್ದರೆ ಮಾತ್ರ ಚರಸೊತ್ತಿನ ಜಪ್ತಿಗೆ ಅರ್ಥವಿದೆ.

ಜಾಗದ ಜಪ್ತಿಯೇ ಕೊನೆಗೆ ಹೆಚ್ಚಿನ ಬಾಕಿಗಳನ್ನು ತೀರಿಸುವುದು, ಆದುದರಿಂದ ಅದನ್ನು ಸ್ವಲ್ಪ ವಿವರವಾಗಿ ನೋಡೋಣ. 54ನೇ ನಿಯಮದ ಆಜ್ಞೆಯು ಸಾಲಗಾರನು ಜಾಗವನ್ನು ಪರಭಾರೆ ಮಾಡಬಾರದೆಂದೂ ಯಾರೂ ಅವನಿಂದ ಪಡೆಯಬಾರದೆಂದೂ ನಿಷೇಧಿಸುತ್ತದೆ. ಅದನ್ನು ಜಾಗದಲ್ಲಿ ಡಂಗುರ ಸಾರಿ ಅಥವಾ ವಾಡಿಕೆಯ ರೀತಿಯಲ್ಲಿ ಪ್ರಕಟಿಸಿ, ಜಾಗದಲ್ಲೂ ಕೋರ್ಟಿನಲ್ಲೂ ಅಂಟಿಸಬೇಕು. ಜಪ್ತಿಯ ನಂತರ ನಡೆದ ಖಾಸಗಿ ಮಾರಾಟವು ಡಿಕ್ರಿದಾರನ ಹಕ್ಕಿನ ಎದುರು ನಿಲ್ಲುವುದಿಲ್ಲ ಎಂದು 64ನೇ ಕಲಮು ಹೇಳುತ್ತದೆಯಾದರೂ, ಜಪ್ತಿಗೆ ಮೊದಲೇ ನೋಂದಣಿಯಾದ ಮಾರಾಟದ ಕರಾರು ಇದ್ದರೆ ಅದಕ್ಕೆ ರಕ್ಷಣೆ ಇದೆ. ಆಜ್ಞೆಯ ಪ್ರತಿ ಸಬ್ ರಿಜಿಸ್ಟ್ರಾರ್ ಕಚೇರಿಗೂ ವಿಲ್ಲೇಜ್ ಆಫೀಸಿಗೂ ತಲುಪಿದೆಯೇ ಎಂಬುದನ್ನು ವಕೀಲರ ಗುಮಾಸ್ತರ ಮೂಲಕ ಖಾತರಿಪಡಿಸಿಕೊಂಡು, ಒಂದು ತಿಂಗಳ ಬಳಿಕ ಹೊಸ ಬಾಧ್ಯತಾ ಪ್ರಮಾಣಪತ್ರವೊಂದನ್ನು ತೆಗೆಸಿ ನೋಡಿದರೆ ಮುಂದೆ ಕೊಂಡವನೊಡನೆ ಜಗಳಾಡುವ ಕಷ್ಟ ತಪ್ಪುತ್ತದೆ.

ಕೃಷಿಕನ ವಾಸದ ಮನೆ ಮತ್ತು ಅದಕ್ಕೆ ತಾಗಿಕೊಂಡ ಅಗತ್ಯದ ಅಂಗಳಕ್ಕೆ 60ನೇ ಕಲಮಿನಲ್ಲಿ ವಿನಾಯಿತಿ ಇದೆ. ನಮ್ಮ ಜಿಲ್ಲೆಯಲ್ಲಿ ಬಹುತೇಕ ಎಲ್ಲ ಇ.ಪಿ.ಗಳಲ್ಲೂ ಈ ವಾದ ಬರುತ್ತದೆ. ತೋಟವಿದ್ದ ಮಾತ್ರಕ್ಕೆ ಎಲ್ಲರೂ ಕೃಷಿಕರಾಗುವುದಿಲ್ಲ, ಮುಖ್ಯ ಜೀವನೋಪಾಯ ಕೃಷಿಯೇ ಎಂದು ಅವನು ತೋರಿಸಬೇಕು. ಆದರೂ ಜಾಣತನವೆಂದರೆ ಮನೆಯ ಭಾಗವನ್ನು ಬಿಟ್ಟು ತೋಟದ ಒಂದು ಸರ್ವೆ ನಂಬ್ರವನ್ನು ಮಾತ್ರ ಶೆಡ್ಯೂಲಿಗೆ ಹಾಕುವುದು. 64ನೇ ನಿಯಮದ ಪ್ರಕಾರ ಡಿಕ್ರಿಯ ಹಣ ತೀರಲು ಬೇಕಾದಷ್ಟು ಭಾಗವನ್ನು ಮಾತ್ರ ಹರಾಜು ಹಾಕಬೇಕೆಂಬುದು ಕೋರ್ಟಿನ ಕರ್ತವ್ಯವೂ ಹೌದು. 4 ಲಕ್ಷದ ಬಾಕಿಗೆ 3 ಎಕ್ರೆ ಅಡಿಕೆ ತೋಟವನ್ನು ಇಡಿಯಾಗಿ ಹರಾಜು ಹಾಕಿಸಿದವನು ಆಮೇಲೆ ಹರಾಜೇ ರದ್ದಾಗುವುದನ್ನು ನೋಡಬೇಕಾಗುತ್ತದೆ.

ಹರಾಜಿನ ಘೋಷಣೆಯಲ್ಲಿ ಇಬ್ಬರೂ ಹೇಳುವ ಬೆಲೆ, ಅಡವು, ತೀರ್ವೆ ಎಲ್ಲವನ್ನೂ ನಮೂದಿಸಬೇಕು. ಸಾಲಗಾರನ ಲಿಖಿತ ಒಪ್ಪಿಗೆ ಇಲ್ಲದಿದ್ದರೆ, ಘೋಷಣೆ ಅಂಟಿಸಿ 15 ದಿನ ಕಳೆಯದೆ ಜಾಗದ ಹರಾಜು ನಡೆಯುವಂತಿಲ್ಲ. ಹರಾಜು ಹಿಡಿದವನು ಶೇಕಡಾ 25ನ್ನು ಕೂಡಲೇ, ಉಳಿದದ್ದನ್ನು 15 ದಿನದೊಳಗೆ ಕಟ್ಟಬೇಕು. ಕೊಳ್ಳುವವರು ಬಾರದಿದ್ದರೆ ಕೋರ್ಟಿನ ಅನುಮತಿ ಪಡೆದು ಡಿಕ್ರಿದಾರನೇ ಹರಾಜು ಹಿಡಿಯಬಹುದು, ಬಾಕಿಯನ್ನು ಬೆಲೆಗೆ ವಜಾ ಹಾಕಿಕೊಳ್ಳಬಹುದು. ಆದರೆ ಅನುಮತಿಯಿಲ್ಲದೆ ಬೇರೆಯವರ ಹೆಸರಿನಲ್ಲಿ ಹಿಡಿಯುವ ಉಪಾಯಕ್ಕೆ ಹೋಗಬಾರದು. ಹರಾಜಾಗಿ 60 ದಿನದೊಳಗೆ ಸಾಲಗಾರನು ಬಾಕಿಯನ್ನೂ ಕೊಂಡವನಿಗೆ ಬೆಲೆಯ ಶೇಕಡಾ 5ನ್ನೂ ಕಟ್ಟಿದರೆ ಹರಾಜು ರದ್ದಾಗಿ ಜಾಗ ಅವನಿಗೇ ಉಳಿಯುತ್ತದೆ. ಹಣ ತೀರದ ಅನೇಕ ಪ್ರಕರಣಗಳು ಮುಗಿಯುವುದು ಈ 60 ದಿನಗಳಲ್ಲೇ.

ಬಂಧನವನ್ನು ಕೇಳುವ ಮೊದಲು

ವಾರಂಟು ಹೊರಡಿಸಿ ಒಳಗೆ ಹಾಕಿಸಿ ಎಂಬ ಮಾತು ಕಕ್ಷಿದಾರರ ಬಾಯಲ್ಲಿ ಬೇಗನೆ ಬರುತ್ತದೆ. 1980ರಲ್ಲಿ ಜಾಲಿ ಜಾರ್ಜ್ ವರ್ಗೀಸ್ ಮತ್ತು ಬ್ಯಾಂಕ್ ಆಫ್ ಕೊಚ್ಚಿನ್ ನಡುವಿನ, ಕೇರಳದಿಂದಲೇ ಹೋದ ಪ್ರಕರಣದಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಅವರು ಸಾಲ ತೀರಿಸಲಾಗದ ಬಡತನ ಜೈಲಿಗೆ ಕಾರಣವಾಗಬಾರದೆಂದು ಸ್ಪಷ್ಟವಾಗಿ ಬರೆದರು. ಡಿಕ್ರಿಯ ನಂತರ ಕೊಡುವ ಶಕ್ತಿ ಇದ್ದೂ ಕೊಡಲಿಲ್ಲ, ಅಥವಾ ಸೊತ್ತನ್ನು ಅಡಗಿಸಿದ, ಅಥವಾ ಊರು ಬಿಟ್ಟು ಹೋಗುವ ಯತ್ನದಲ್ಲಿದ್ದಾನೆ ಎಂಬುದನ್ನು ತೋರಿಸಬೇಕಾದವನು ಡಿಕ್ರಿದಾರ. ಹೊಸ ಕಾರು, ಮನೆಗೆ ಎರಡನೇ ಮಹಡಿ, ಆ ಅವಧಿಯಲ್ಲಿ ಬೇರೆ ಸಾಲ ತೀರಿಸಿದ ದಾಖಲೆ ಇಂಥವು ಸಾಕ್ಷಿ. ಅವನ ಮನೆಯಲ್ಲಿ ಜೋರಾಗಿ ಮದುವೆ ನಡೆಯಿತೆಂಬ ಊರ ಮಾತು ಸಾಕ್ಷಿಯಲ್ಲ.

ಹೆಂಗಸರನ್ನು ಹಣದ ಡಿಕ್ರಿಗಾಗಿ ಬಂಧಿಸುವಂತಿಲ್ಲ. 5,000 ರೂಪಾಯಿಗಿಂತ ಹೆಚ್ಚಿನ ಡಿಕ್ರಿಗೆ ಗರಿಷ್ಠ ಅವಧಿ 3 ತಿಂಗಳು. ಅವನು ಒಳಗಿರುವಷ್ಟು ದಿನ ಊಟದ ಭತ್ಯೆಯನ್ನು ಡಿಕ್ರಿದಾರನೇ ಮುಂಗಡವಾಗಿ ಕಟ್ಟಬೇಕು ಎಂಬುದು ಹಲವರಿಗೆ ಆಶ್ಚರ್ಯ ತರುತ್ತದೆ. ಕಟ್ಟದಿದ್ದರೆ ಅವನು ಹೊರಗೆ ಬರುತ್ತಾನೆ, ಹಾಗೆ ಬಂದವನನ್ನು ಅದೇ ಡಿಕ್ರಿಗೆ ಮತ್ತೆ ಬಂಧಿಸುವಂತಿಲ್ಲ. ಸಾಲ ಮಾತ್ರ ಹಾಗೆಯೇ ಉಳಿಯುತ್ತದೆ.

ಸಾಲಗಾರ ತಲಪಾಡಿ ಗಡಿಯ ಆಚೆ, ಕರ್ನಾಟಕದಲ್ಲಿ ಇದ್ದರೆ

ಡಿಕ್ರಿ ಕಾಸರಗೋಡಿನದು, ಜಾಗ ಬಂಟ್ವಾಳದಲ್ಲೋ ಪುತ್ತೂರಿನಲ್ಲೋ ಸುಳ್ಯದಲ್ಲೋ ಇರುವ ಸನ್ನಿವೇಶ ಇಲ್ಲಿ ತೀರಾ ಮಾಮೂಲು. ತನ್ನ ವ್ಯಾಪ್ತಿಯ ಹೊರಗಿನ ವ್ಯಕ್ತಿ ಅಥವಾ ಸೊತ್ತಿನ ಮೇಲೆ ಕೋರ್ಟು ಅಮಲ್ಜಾರಿ ನಡೆಸುವಂತಿಲ್ಲ ಎಂದು 39ನೇ ಕಲಮಿನ 4ನೇ ಉಪಕಲಮು ಹೇಳುತ್ತದೆ. ಆದ್ದರಿಂದ ಇಲ್ಲಿನ ಕೋರ್ಟಿಗೆ ಡಿಕ್ರಿ ವರ್ಗಾವಣೆಯ ಅರ್ಜಿ ಹಾಕಬೇಕು. ಡಿಕ್ರಿಯ ಪ್ರತಿ, ಎಷ್ಟು ಹಣ ಇನ್ನೂ ತೀರಿಲ್ಲ ಎಂಬ ಪ್ರಮಾಣಪತ್ರ, ಹಿಂದಿನ ಅಮಲ್ಜಾರಿಯ ಆಜ್ಞೆ ಇದ್ದರೆ ಅದರ ಪ್ರತಿ ಇವಿಷ್ಟನ್ನು ಕೋರ್ಟು ಗಡಿಯಾಚೆಯ ಕೋರ್ಟಿಗೆ ನೇರವಾಗಿ ಕಳಿಸುತ್ತದೆ. ಕಾಗದ ಅಲ್ಲಿಗೆ ಮುಟ್ಟಿದ ಮೇಲೆ ಅಲ್ಲಿ ಹೊಸದಾಗಿ ಇ.ಪಿ. ಹಾಕಲು ಅಲ್ಲಿನ ವಕೀಲರು ಬೇಕು. ಮಲಯಾಳದ ದಾಖಲೆಗಳನ್ನು ಅಲ್ಲಿ ಓದುವವರಿಲ್ಲವಾದ್ದರಿಂದ ಅನುವಾದವನ್ನು ಮೊದಲೇ ಮಾಡಿಸಿಟ್ಟುಕೊಳ್ಳಿ.

ಈ ವರ್ಗಾವಣೆ ನಡೆಯುವಷ್ಟರಲ್ಲಿ ಜಾಗ ಕೈಬಿಟ್ಟು ಹೋಗುವ ಭಯವಿದ್ದರೆ 46ನೇ ಕಲಮಿನ ಪ್ರಿಸೆಪ್ಟ್ ಕೇಳಬಹುದು. ಇಲ್ಲಿನ ಕೋರ್ಟಿನ ಕೋರಿಕೆಯ ಮೇಲೆ ಅಲ್ಲಿನ ಕೋರ್ಟು ಜಾಗವನ್ನು ತಾತ್ಕಾಲಿಕವಾಗಿ ಜಪ್ತಿ ಮಾಡುತ್ತದೆ. ಅದರ ಆಯುಸ್ಸು ಎರಡೇ ತಿಂಗಳು. ಅವಧಿ ವಿಸ್ತರಿಸಿಕೊಳ್ಳಬೇಕು, ಇಲ್ಲವೇ ಅಷ್ಟರೊಳಗೆ ಡಿಕ್ರಿ ವರ್ಗಾವಣೆಯಾಗಿ ಹರಾಜಿನ ಅರ್ಜಿ ಬಿದ್ದಿರಬೇಕು. ಸಾಲಗಾರ ಮಂಗಳೂರಿನಲ್ಲಿ ಸರಕಾರಿ ನೌಕರನಾಗಿದ್ದರೆ ಮಾತ್ರ ಈ ಯಾವ ಸುತ್ತೂ ಬೇಡ: 21ನೇ ಆದೇಶದ 48ನೇ ನಿಯಮವು ಸಂಬಳ ಬಟವಾಡೆಯ ಅಧಿಕಾರಿ ವ್ಯಾಪ್ತಿಯ ಹೊರಗಿದ್ದರೂ ಇಲ್ಲಿನ ಕೋರ್ಟೇ ಆಜ್ಞೆ ಕಳಿಸಬಹುದು ಎನ್ನುತ್ತದೆ. ಖಾಸಗಿ ಕಂಪೆನಿಯ ನೌಕರನಿಗೆ ಆ ಅನುಕೂಲ ಇಲ್ಲ.

ಗಲ್ಫಿನ ಮಾತೂ ಸ್ವಲ್ಪ ಇರಲಿ. ಯು.ಎ.ಇ.ಯನ್ನು 2020ರ ಜನವರಿಯಲ್ಲಿ ಭಾರತ ಸರಕಾರ 44ಎ ಕಲಮಿನ ಪರಸ್ಪರ ಒಪ್ಪಂದದ ಪ್ರದೇಶವೆಂದು ಘೋಷಿಸಿದ ಮೇಲೆ, ದುಬಾಯಿಯ ಕೋರ್ಟಿನಲ್ಲಿ ಪಡೆದ ಹಣದ ಡಿಕ್ರಿಯನ್ನು ಊರಿನಲ್ಲಿರುವ ಸೊತ್ತಿನ ಮೇಲೆ ಇಲ್ಲಿನ ಜಿಲ್ಲಾ ಕೋರ್ಟಿನ ಮೂಲಕ ನಡೆಸಲು ದಾರಿಯಾಗಿದೆ. ಅಲ್ಲಿ ಕೊಟ್ಟ ಸಾಲಕ್ಕೆ ಇಲ್ಲಿ ಹೊಸ ದಾವೆ ಹಾಕಲೇಬೇಕೆಂದಿಲ್ಲ.

ನಡುವೆ ಕಾಲು ಎಡವುವ ಜಾಗಗಳು

ಸಾಲಗಾರ ತೀರಿಕೊಂಡರೆ ವಾರೀಸುದಾರರನ್ನು ಸೇರಿಸಿ ಮುಂದುವರಿಯಬೇಕು, ಆದರೆ ಸತ್ತವನಿಂದ ಅವರಿಗೆ ಬಂದ ಸೊತ್ತಿನ ಮಟ್ಟಿಗೆ ಮಾತ್ರ; ಮಗನ ಸ್ವಂತ ದುಡಿಮೆಯ ಸಂಬಳವನ್ನು ಹಿಡಿಯುವಂತಿಲ್ಲ. ಜಾಮೀನುದಾರನ ಮೇಲೂ ಡಿಕ್ರಿ ಇದ್ದರೆ ಮೊದಲು ಸಾಲಗಾರ, ಆಮೇಲೆ ಜಾಮೀನುದಾರ ಎಂಬ ಸರದಿ ಸಾಮಾನ್ಯವಾಗಿ ಇಲ್ಲ. ಇನ್ನೊಬ್ಬ ಡಿಕ್ರಿದಾರ ಅದೇ ಜಾಗವನ್ನು ಹರಾಜು ಹಾಕಿಸುತ್ತಿದ್ದರೆ, ಹಣ ಕೋರ್ಟಿಗೆ ಬರುವ ಮೊದಲೇ ಅದೇ ಕೋರ್ಟಿನಲ್ಲಿ ನಿಮ್ಮ ಅರ್ಜಿಯೂ ಬಿದ್ದಿರಬೇಕು. ಹಾಗಿದ್ದರೆ 73ನೇ ಕಲಮಿನಂತೆ ಪ್ರಮಾಣಾನುಸಾರ ಪಾಲು ಸಿಗುತ್ತದೆ, ಒಂದು ದಿನ ತಡವಾದರೆ ಸಿಗುವುದಿಲ್ಲ.

ವಾಯಿದೆಗೆ ಯಾರೂ ಹಾಜರಾಗದೆ ಇ.ಪಿ. ವಜಾ ಆಗುವುದು ಅಪರೂಪವಲ್ಲ. ವಜಾ ಮಾಡುವಾಗ ಜಪ್ತಿ ಮುಂದುವರಿಯಬೇಕೆಂದು ಕೋರ್ಟು ಹೇಳದಿದ್ದರೆ 57ನೇ ನಿಯಮದಂತೆ ಜಪ್ತಿಯೂ ಬಿದ್ದುಹೋಗುತ್ತದೆ, ಮರುದಿನವೇ ಜಾಗ ಮಾರಾಟವಾಗಲು ಅಡ್ಡಿಯಿಲ್ಲ. ಇ.ಪಿ.ಯನ್ನು ಮತ್ತೆ ತೆರೆಯುವ ಅರ್ಜಿಗೆ 30 ದಿನ ಮಾತ್ರ ಇದೆ. ಇ-ಕೋರ್ಟ್ಸ್ ಆ್ಯಪಿನಲ್ಲಿ ಸಿ.ಎನ್.ಆರ್. ನಂಬ್ರ (ಪ್ರತಿ ಪ್ರಕರಣಕ್ಕೂ ಇರುವ ಪ್ರತ್ಯೇಕ ಗುರುತಿನ ನಂಬ್ರ) ಹಾಕಿ ಮುಂದಿನ ತಾರೀಕನ್ನು ನೀವೇ ನೋಡಿಕೊಳ್ಳುವುದು ಕ್ಷೇಮ. ವಕೀಲರ ಫೀಸಿಗೆ ದಾರಿಯಿಲ್ಲದ ಹೆಂಗಸರು, ಪರಿಶಿಷ್ಟ ಜಾತಿ ಪಂಗಡದವರು ಮುಂತಾದವರಿಗೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತ ವಕೀಲರು ಸಿಗುತ್ತಾರೆ. ಲೋಕ ಅದಾಲತಿನಲ್ಲಿ ಆದ ರಾಜಿಯೂ ಡಿಕ್ರಿಯೇ, ಅದು ತಪ್ಪಿದರೆ ಇದೇ ಕ್ರಮದಲ್ಲಿ ಇ.ಪಿ. ಹಾಕಬಹುದು.

ಒತ್ತಡ ಬಿದ್ದ ಮೇಲೆ ಸಾಲಗಾರ ಕಂತಿಗೆ ಬರುತ್ತಾನೆ. ಆಗ ಅವನು ಕೈಗೆ ಕೊಟ್ಟ, ಬ್ಯಾಂಕಿಗೆ ಹಾಕಿದ ಪ್ರತಿಯೊಂದು ಮೊತ್ತವನ್ನೂ 21ನೇ ಆದೇಶದ 2ನೇ ನಿಯಮದಂತೆ ಕೋರ್ಟಿನಲ್ಲಿ ದಾಖಲಿಸಬೇಕು. ಅದು ಡಿಕ್ರಿದಾರನ ಹೊಣೆ; ಅವನು ಮಾಡದಿದ್ದರೆ ಸಾಲಗಾರನು 30 ದಿನದೊಳಗೆ ಅರ್ಜಿ ಹಾಕಬಹುದು. ದಾಖಲಾಗದ ಸಂದಾಯವನ್ನು ಅಮಲ್ಜಾರಿ ಕೋರ್ಟು ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲವಾದರೂ, ಪಡೆದ ಹಣವನ್ನು ಮುಚ್ಚಿಟ್ಟು ಪೂರ್ತಿ ಮೊತ್ತಕ್ಕೆ ಹರಾಜು ಹಾಕಿಸುವುದು ವಂಚನೆಯ ಆರೋಪಕ್ಕೆ ದಾರಿ ಮಾಡಿಕೊಡುತ್ತದೆ. ಎಲ್ಲ ಹಣ ಬಂದ ಮೇಲೆ ಪೂರ್ಣ ಸಂದಾಯವನ್ನು ದಾಖಲಿಸಿ ಇ.ಪಿ. ಮುಗಿಸಿ, ಜಪ್ತಿ ತೆರವಾದ ಆಜ್ಞೆಯ ಪ್ರತಿಯನ್ನು ಸಬ್ ರಿಜಿಸ್ಟ್ರಾರ್ ಕಚೇರಿಗೂ ವಿಲ್ಲೇಜ್ ಆಫೀಸಿಗೂ ಕಳಿಸಲು ಅದೇ ದಿನ ಅರ್ಜಿ ಕೊಡಿ.